ನಿಘಂಟು, ಕೆಂಪು ಚೀಟಿ ಮತ್ತು ಸಂಜೆಯ ಕಾಫಿ

ಭಾಷೆ ಎಂಬುದು ಮನುಷ್ಯರ ನಡುವೆ ದೇವರು ಕಟ್ಟಿದ ಸೇತುವೆ ಎಂದು ತಿಳಿದವರು ಹೇಳುತ್ತಾರೆ. ಹಾಗೆ ಹೇಳುವವರ ಮನೆಯಲ್ಲಿ ಸಂಜೆಯ ಕಾಫಿ ಸರಿಯಾದ ಹೊತ್ತಿಗೆ ಸಿಗುತ್ತಿರಬೇಕು. ನಮ್ಮ ಮನೆಯಲ್ಲಿ ಅದು ಹೊತ್ತು ತಪ್ಪತೊಡಗಿತು. ಕಾರಣ ಹುಡುಕಿಕೊಂಡು ಹೋದವನಿಗೆ ದಾರಿಯ ಕೊನೆಯಲ್ಲಿ ಎದುರಾದದ್ದು ಭಾಷೆಯೇ. ಭಾಷೆಗೂ ಕಾಫಿಗೂ ನಡುವೆ ಇದ್ದದ್ದು ಒಂದು ಹಸುವಿನ ಕೊಟ್ಟಿಗೆ. ಇದೆಲ್ಲ ಹೇಗಾಯಿತು ಎಂಬುದು ನನಗೆ ಇವತ್ತಿಗೂ ಪೂರ್ತಿ ಅರ್ಥವಾಗಿಲ್ಲ. ಅರ್ಥವಾದಷ್ಟನ್ನು ಹೇಳುತ್ತೇನೆ.

ನಾನು ವಿಮಾನಪುರದ ವಿಮಾನ ಕಾರ್ಖಾನೆಯಲ್ಲಿ ಇನ್‌ಸ್ಪೆಕ್ಟರು. ಲಿಂಗರಾಜಪುರದ ನಮ್ಮ ಬೀದಿಗೆ ಹೊಸದಾಗಿ ಬಾಡಿಗೆಗೆ ಬಂದವರು ಈ ಪದವನ್ನು ಕೇಳಿ ಮೊದಲ ಒಂದು ತಿಂಗಳು ನನಗೆ ನಮಸ್ಕಾರ ಮಾಡುತ್ತಿದ್ದರು. ನಾನು ಪೊಲೀಸಿನವನಲ್ಲ, ಬೋಲ್ಟು ನಟ್ಟುಗಳನ್ನು ಪರೀಕ್ಷೆ ಮಾಡುವವನು ಎಂದು ಗೊತ್ತಾದ ಮೇಲೆ ಮಾಡುತ್ತಿರಲಿಲ್ಲ. ನನ್ನ ಕೆಲಸ ಸರಳವಾದದ್ದು. ಒಂದು ಬಿಡಿಭಾಗ ಮೇಜಿನ ಮೇಲೆ ಬರುತ್ತದೆ. ಪಕ್ಕದಲ್ಲಿ ಅದರ ನಕ್ಷೆ ಇರುತ್ತದೆ. ಭಾಗವು ನಕ್ಷೆಯ ಹಾಗೇ ಇದ್ದರೆ ಹಸಿರು ಚೀಟಿ, ತಿದ್ದಿದರೆ ಸರಿಹೋಗುವಂತಿದ್ದರೆ ಹಳದಿ ಚೀಟಿ, ಏನು ಮಾಡಿದರೂ ಸರಿಹೋಗುವುದಿಲ್ಲ ಎಂದರೆ ಕೆಂಪು ಚೀಟಿ. ಕೆಂಪು ಚೀಟಿ ಕಟ್ಟಿಸಿಕೊಂಡದ್ದು ತಂತಿ ಜಾಲರಿಯ ಪಂಜರದೊಳಗೆ ಹೋಗಿ ಬೀಳುತ್ತದೆ, ಪಂಜರಕ್ಕೆ ಬೀಗ ಬೀಳುತ್ತದೆ. ಇನ್ನೊಂದು ದಾರಿಯೂ ಉಂಟು, ಅದಕ್ಕೆ ಕನ್ಸೆಷನ್ ಎಂದು ಹೆಸರು. ನಕ್ಷೆಗೆ ಸರಿಯಾಗಿಲ್ಲ, ಆದರೆ ಕೆಲಸಕ್ಕೆ ತೊಂದರೆಯಿಲ್ಲ ಎಂದಾಗ ದೊಡ್ಡವರೆಲ್ಲ ಕೂತು, ಚಹಾ ಕುಡಿದು, 'ಇದ್ದ ಹಾಗೇ ಬಳಸಬಹುದು' ಎಂದು ಬರೆದು ಸಹಿ ಮಾಡುತ್ತಾರೆ. ಅಂಥ ಸಭೆಗಳಿಗೆ ನನ್ನನ್ನೂ ಕರೆಯುತ್ತಿದ್ದರು. ನಾನು ಚಹಾ ಕುಡಿಯುತ್ತಿದ್ದೆ, ಸಹಿ ಮಾಡುತ್ತಿರಲಿಲ್ಲ.

ಇಷ್ಟಕ್ಕೆ ನಿಂತಿದ್ದರೆ ಕಾಫಿಗೆ ಏನೂ ಆಗುತ್ತಿರಲಿಲ್ಲ. ಒಂದು ಭಾನುವಾರ ಶಿವಾಜಿನಗರದ ಹಳೇ ಪುಸ್ತಕದಂಗಡಿಯಲ್ಲಿ ದಿಂಬಿನಷ್ಟು ದಪ್ಪದ ಇಂಗ್ಲಿಷ್ ನಿಘಂಟೊಂದು ಸಿಕ್ಕಿತು. ತಂದು ಮುಂದಿನ ಕೋಣೆಯ ಮೇಜಿನ ಮೇಲಿಟ್ಟೆ. ಪುಟ ತಿರುಗಿಸುತ್ತ ಹೋದ ಹಾಗೆ ನನಗೊಂದು ಸತ್ಯ ಹೊಳೆಯಿತು: ಇದು ಪದಗಳ ನಕ್ಷೆ. ನಮ್ಮ ಊರಿನಲ್ಲಿ ಓಡಾಡುತ್ತಿರುವ ಇಂಗ್ಲಿಷ್ ಪದಗಳಲ್ಲಿ ನಕ್ಷೆಗೆ ಸರಿಯಾದದ್ದು ಹತ್ತಕ್ಕೆ ಒಂದೂ ಇಲ್ಲ! ನಿಘಂಟಿನ ಹೋಟೆಲಿನಲ್ಲಿ ಜನ ಮಲಗುತ್ತಾರೆ, ನಮ್ಮ ಹೋಟೆಲಿನಲ್ಲಿ ಇಡ್ಲಿ ತಿಂದಾದ ಮೇಲೆ ಎರಡು ನಿಮಿಷ ಕೂತರೂ ಮಾಣಿ ಬಂದು ಮೇಜು ಒರೆಸುತ್ತಾನೆ. ನಿಘಂಟಿನ ಕವರ್ ಹೊದಿಕೆ, ನಮ್ಮ ಕವರಿನೊಳಗೆ ಹೂಕೋಸು ಇರುತ್ತದೆ. ಸೈಟ್ ಎಂದರೆ ಕಟ್ಟಡ ಇರುವ ಅಥವಾ ಏಳುವ ಸ್ಥಳ ಎಂದು ನಿಘಂಟು ಹೇಳುತ್ತದೆ. ನಮ್ಮ ಭಾವಮೈದ ಕೆ.ಆರ್. ಪುರಂನಲ್ಲಿ ಒಂದು ಸೈಟು ತೆಗೆದುಕೊಂಡು, ಅದರ ವಿಷಯ ಮಾತಾಡುತ್ತಲೇ ತಲೆ ನರೆಸಿಕೊಂಡ. ಅಲ್ಲಿ ಎದ್ದದ್ದು ಪಾರ್ಥೇನಿಯಂ ಗಿಡ ಮಾತ್ರ. 'ನಿಮ್ಮ ಫ್ಯಾಮಿಲಿ ಚೆನ್ನಾಗಿದಾರಾ?' ಎಂದು ಕಾರ್ಖಾನೆಯ ಬಸ್ಸಿನಲ್ಲಿ ಕೇಳುವವರು ನನ್ನ ಹೆಂಡತಿಯೊಬ್ಬಳನ್ನೇ ವಿಚಾರಿಸುತ್ತಿದ್ದಾರೆ ಎಂದು ತಿಳಿದಾಗ, ಉಳಿದವರ ಕ್ಷೇಮವನ್ನೂ ಇಷ್ಟು ವರ್ಷ ಅವರಿಗೆ ವಿವರವಾಗಿ ಹೇಳುತ್ತ ಬಂದದ್ದು ದಂಡವೆನಿಸಿತು.

ಸುಮ್ಮನೆ ಓದಿಕೊಂಡು ಇದ್ದಿದ್ದರೂ ಆಗುತ್ತಿತ್ತು. ಆದರೆ ದೋಷ ಕಂಡ ಮೇಲೆ ಇನ್‌ಸ್ಪೆಕ್ಟರ್ ಸುಮ್ಮನಿರಬಾರದು ಎಂದು ನಮಗೆ ತರಬೇತಿಯಲ್ಲೇ ಹೇಳಿಕೊಟ್ಟಿದ್ದರು. ಯಾರು ಯಾವ ಪದ ಆಡಿದರೂ "ಇರಿ, ಮೊದಲು ಮೂಲಾರ್ಥ ನೋಡೋಣ" ಎಂದು ನಾನು ಮೇಜಿನ ಕಡೆ ಹೊರಡತೊಡಗಿದೆ. ಒಂದು ದಿನ ಮೈಸೂರಿನಿಂದ ಫೋನು ಬಂತು. ನನ್ನ ಹೆಂಡತಿ ಸರೋಜ ಗಾಬರಿಯಿಂದ "ರೀ, ದೊಡ್ಡಮಾವ ಸೀರಿಯಸ್ ಅಂತೆ!" ಎಂದಳು. ನಾನು, "ಮೂಲಾರ್ಥ ನೋಡೋಣ. ನಗೆಯಾಡದ, ಗಂಭೀರ ಸ್ವಭಾವದ... ಅವರು ಹುಟ್ಟಿದಾಗಿನಿಂದ ಹಾಗೇ ಇದಾರಲ್ಲೇ" ಎಂದೆ. ಸರೋಜ ಒಬ್ಬಳೇ ಬಸ್ಸು ಹತ್ತಿ ಹೋದಳು. ದೊಡ್ಡಮಾವ ಹುಷಾರಾದರು. ಈಗಲೂ ನಗುವುದಿಲ್ಲ. ಸರೋಜ ಊರಿಂದ ಬಂದ ಮೇಲೂ ಒಂದು ದಿನ ನನ್ನ ಹತ್ತಿರ ಮಾತಾಡಲಿಲ್ಲ. ಆಮೇಲೆ ಗೊತ್ತಾಯಿತು, ನಿಘಂಟಿನಲ್ಲಿ ಅವಳ ಅರ್ಥವೂ ಇತ್ತು, ಮೂರನೆಯದಾಗಿ. ನಾನು ಅದನ್ನು ಪ್ರಚಾರ ಮಾಡಲಿಲ್ಲ.

ಇನ್ನು ನನ್ನ ಮಗಳು ಶುಭಾ. ಸಂಜೆ ನಾನು ಕಾರ್ಖಾನೆಯಿಂದ ಬಂದು ಬಾಗಿಲ ಮೆಟ್ಟಿಲ ಮೇಲೆ ಕೂತು ಕಾಫಿ ಕುಡಿಯುವಾಗ ಪಕ್ಕದಲ್ಲಿ ಬಂದು ಕೂರುತ್ತಿದ್ದಳು. ಕಾಲೇಜಿನ ಮೇಷ್ಟರು ಕೆಮ್ಮುವುದು, ಬಸ್ಸಿನ ಕಂಡಕ್ಟರು ತಮಿಳು, ಉರ್ದು, ಕನ್ನಡ ಮೂರರಲ್ಲೂ ಒಂದೇ ಉಸಿರಿನಲ್ಲಿ ಬೈಯುವುದು, ಎಲ್ಲವನ್ನೂ ಆ ಆ ಗಂಟಲಿನಲ್ಲೇ ಮಾಡಿ ತೋರಿಸುತ್ತಿದ್ದಳು. ಅವಳ ಮಾತು ಮುಗಿಯುವುದರೊಳಗೆ ನನ್ನ ಕಾಫಿ ಆರಿಹೋಗುತ್ತಿತ್ತು. ಆರಿದ ಕಾಫಿಯನ್ನು ನಾನು ದೂರಿದ್ದಿಲ್ಲ. ಬಿ.ಕಾಂ. ಫಲಿತಾಂಶ ಬಂದ ದಿನ ಓಡಿಬಂದು "ಅಪ್ಪಾ, ನಾನು ಪಾಸೌಟ್ ಆದೆ!" ಎಂದಳು. ನಾನು ನಿಘಂಟು ತೆರೆದು, "ಪಾಸೌಟ್ ಎಂದರೆ ಮೂರ್ಛೆ ಹೋಗುವುದು. ಸರೋಜ, ಒಂದು ಚೊಂಬು ನೀರು ತಾರೆ" ಎಂದೆ. ಅದು ತಮಾಷೆ ಎಂದು ನಾನು ತಿಳಿದಿದ್ದೆ. ನಕ್ಕವನು ನಾನೊಬ್ಬನೇ.

ಅದಾದ ಕೆಲವು ತಿಂಗಳಿಗೆ, ಒಂದು ರಾತ್ರಿ ಊಟಕ್ಕೆ ಕೂತಾಗ, ಮೂವರು ಇನ್‌ಸ್ಪೆಕ್ಟರುಗಳ ಕಣ್ಣಿಗೆ ಬೀಳದ ಕೂದಲೆಳೆಯ ಬಿರುಕೊಂದು ನನ್ನ ಕಣ್ಣಿಗೆ ಹೇಗೆ ಬಿತ್ತು ಎಂಬ ಕಥೆಯನ್ನು ಹೇಳುತ್ತಿದ್ದೆ. ಹಿಂದೆ ಒಂದೆರಡು ಬಾರಿ ಹೇಳಿದ್ದೆನೆಂದು ತೋರುತ್ತದೆ. ಶುಭಾ ತಟ್ಟನೆ, "ಅಯ್ಯೋ ಸಾಕು ಬಿಲ್ಡಪ್ಪು ಮಗಾ, ಸಾರು ಆರ್ತಾ ಇದೆ!" ಎಂದುಬಿಟ್ಟಳು. ಹೆತ್ತ ಅಪ್ಪನನ್ನು 'ಮಗಾ' ಎನ್ನುವುದು ವಂಶಾವಳಿಯನ್ನೇ ತಲೆಕೆಳಗು ಮಾಡುವ ಮಾತು. ಆದರೆ ಅದು ಇಂಗ್ಲಿಷ್ ಅಲ್ಲವಾದ್ದರಿಂದ ನನ್ನ ಅಧಿಕಾರದ ವ್ಯಾಪ್ತಿಗೆ ಬರಲಿಲ್ಲ. ಬಿಲ್ಡಪ್ ಬಂತು. ಮೂಲಾರ್ಥ: ಸ್ವಲ್ಪ ಸ್ವಲ್ಪವಾಗಿ ಶೇಖರವಾಗುವುದು. ಎಂಜಿನ್ನಿನೊಳಗೆ ಮಸಿ ಕಟ್ಟಿಕೊಂಡಾಗ ನಾವು ಕಾರ್ಖಾನೆಯಲ್ಲಿ ಅನ್ನುವುದು ಅದನ್ನೇ. ಸಾರಿನ ಕೈಯಲ್ಲೇ ಎದ್ದು ನಿಂತು ತೀರ್ಪು ಕೊಟ್ಟೆ: "ಇವತ್ತಿನಿಂದ ಈ ಮನೆಯಲ್ಲಿ ಇಂಗ್ಲಿಷ್ ಪದ ಆಡುವವರು ನಿಘಂಟಿನ ಅರ್ಥದಲ್ಲಿ ಆಡಬೇಕು. ಇಲ್ಲದಿದ್ದರೆ ಕನ್ನಡದಲ್ಲಿ ಮಾತಾಡಬೇಕು." ಮಾರನೆಯ ಬೆಳಿಗ್ಗೆ ರೇಡಿಯೋ ಹಾಕಿದರೆ, ಹೊಸದಾಗಿ ಶುರುವಾಗಿದ್ದ ಎಫ್‌ಎಂ ಒಂದರಲ್ಲಿ ಯಾವನೋ ಒಬ್ಬ ಏಪ್ರಿಲ್ ಬಿಸಿಲಿನಲ್ಲಿ ಇಡೀ ಊರಿಗೆ "ಚಿಲ್ ಮಾಡಿ ಗುರು" ಎನ್ನುತ್ತಿದ್ದ. ರೇಡಿಯೋದ ತಿರುಗಣೆಗೆ ಒಂದು ಕೆಂಪು ಚೀಟಿ ಕಟ್ಟಿ, ಅಟ್ಟದ ಮೇಲೆ, ಹಳೇ ಇಡ್ಲಿ ಪಾತ್ರೆಯ ಪಕ್ಕದಲ್ಲಿ ಇಟ್ಟೆ.

ಕಾನೂನನ್ನು ಶುಭಾ ಅಕ್ಷರಶಃ ಪಾಲಿಸಿದಳು. ಇಂದಿರಾನಗರದ ಒಂದು ಜಾಹೀರಾತು ಕಚೇರಿಯಲ್ಲಿ, ಲೆಕ್ಕಪತ್ರದ ವಿಭಾಗದಲ್ಲಿ, ಅವಳಿಗೆ ಆಗ ತಾನೇ ಕೆಲಸ ಸಿಕ್ಕಿತ್ತು. ಮಧ್ಯಾಹ್ನ ಹೋದರೆ ರಾತ್ರಿ ಎಂಟಕ್ಕೆ ಬರುತ್ತಿದ್ದಳು. ಬಂದವಳು ಬಾಗಿಲಲ್ಲಿ ನಿಂತು, "ತಂದೆಯವರೇ, ನಾನು ಕಚೇರಿಯಿಂದ ಮರಳಿದ್ದೇನೆ. ತಮ್ಮ ಊಟವಾಯಿತೇ?" ಎನ್ನುತ್ತಿದ್ದಳು. ಮೊದಲ ವಾರ ನನಗೆ ಹೆಮ್ಮೆಯಾಯಿತು. ಎರಡನೆಯ ವಾರ, ಮನೆಯಲ್ಲಿ ಯಾರೋ ವಾರ್ತೆ ಓದುವವರನ್ನು ಇಟ್ಟುಕೊಂಡ ಹಾಗಾಯಿತು. "ಇವತ್ತು ಆಫೀಸಲ್ಲಿ ಏನಾಯ್ತೇ?" ಎಂದರೆ "ವಿಶೇಷವೇನೂ ಇಲ್ಲ" ಎಂಬ ಉತ್ತರ. 'ನೀನು' ಎನ್ನುತ್ತಿದ್ದ ಹುಡುಗಿ 'ತಾವು' ಎನ್ನತೊಡಗಿದ ಮೇಲೆ ಯಾರೂ ಮೆಟ್ಟಿಲ ಮೇಲೆ ಪಕ್ಕಕ್ಕೆ ಬಂದು ಕೂರುವುದಿಲ್ಲ ಎಂಬುದು ಯಾವ ನಿಘಂಟಿನಲ್ಲೂ ಇರಲಿಲ್ಲ.

ಈ ನಡುವೆ ಕಾಫಿಯ ಗೋಳು ಶುರುವಾಯಿತು. ಎದುರುಸಾಲಿನ ಮುನಿಯಪ್ಪನವರ ಕೊಟ್ಟಿಗೆಯಿಂದ ಸರೋಜ ಸಂಜೆ ಐದಕ್ಕೆ ಹಾಲು ತರುತ್ತಿದ್ದಳು. ಮುನಿಯಪ್ಪನವರು ಹಿಂದೆ ಇಲ್ಲೆಲ್ಲ ಹೊಲವಿದ್ದ ಕಾಲದ ಮನೆತನದವರು. ಹೊಲದ ಮೇಲೆಲ್ಲ ಬಾಡಿಗೆ ಮನೆ ಎದ್ದರೂ ನಾಲ್ಕು ಹಸು ಮಾತ್ರ ಬಿಟ್ಟಿರಲಿಲ್ಲ. ಮೊದಲೆಲ್ಲ ಹತ್ತು ನಿಮಿಷಕ್ಕೆ ಬರುತ್ತಿದ್ದ ಹಾಲು ಆರಕ್ಕೆ ಬರತೊಡಗಿತು, ಆಮೇಲೆ ಏಳಕ್ಕೆ. ಕೇಳಿದರೆ "ಹಸು ಇನ್ನೂ ಕರೆದಿರ್ಲಿಲ್ಲ ಕಣ್ರೀ" ಎಂಬ ಉತ್ತರ. ಯಾವ ಹಸುವಾದರೂ ಎರಡು ಗಂಟೆ ಹಾಲು ಕೊಡುತ್ತದೆಯೇ? ತಾಳುವಷ್ಟು ತಾಳಿ, ಒಂದು ಸಂಜೆ ಪರಿಶೀಲನೆಗೆ ನಾನೇ ಹೊರಟೆ.

ಕೊಟ್ಟಿಗೆಯ ಗೋಡೆಯ ಹತ್ತಿರ ಹೋದಾಗ ಒಳಗಿನಿಂದ ನಗು ಕೇಳಿಸಿತು. ಇಣುಕಿದೆ. ಬೀದಿಯ ಅರ್ಧದಷ್ಟು ಹೆಂಗಸರು ಅಲ್ಲಿದ್ದರು. ನನ್ನ ಹೆಂಡತಿ ಬೋರಲು ಹಾಕಿದ ಬಕೆಟ್ಟಿನ ಮೇಲೆ ಕೂತಿದ್ದಳು. ತುಂಬಿದ ಹಾಲಿನ ಚೊಂಬು ಕಾಲ ಬಳಿ ಇತ್ತು. ಹಸುಗಳು ಮೆಲುಕು ಹಾಕುತ್ತಿದ್ದವು. ಕಂಬದ ಮೊಳೆಗೆ ನೇತುಹಾಕಿದ ರೇಡಿಯೋದಿಂದ ದಪ್ಪ ಗಂಟಲೊಂದು ಬರುತ್ತಿತ್ತು: "ಇರಿ, ಮೊದಲು ಮೂಲಾರ್ಥ ನೋಡೋಣ! ಸೀರಿಯಸ್ ಎಂದರೆ ನಗೆಯಾಡದ, ಗಂಭೀರ ಸ್ವಭಾವದ... ನಿಮ್ಮ ದೊಡ್ಡಮಾವ ಹುಟ್ಟಿದಾಗಿನಿಂದ ಹಾಗೇ ಇದಾರಲ್ಲೇ!" ಕೊಟ್ಟಿಗೆ ಬಿದ್ದು ಬಿದ್ದು ನಕ್ಕಿತು. ಎಲ್ಲರಿಗಿಂತ ಜೋರಾಗಿ ನಕ್ಕವಳು, ಇದೇ ಮಾತಿಗೆ ನನ್ನ ಹತ್ತಿರ ಒಂದು ದಿನ ಮಾತು ಬಿಟ್ಟಿದ್ದ ಸರೋಜ. ಆ ದಪ್ಪ ಗಂಟಲು ತೆಳ್ಳಗಾಗಿ, "ಇದು ನಮ್ಮ ಇನ್‌ಸ್ಪೆಕ್ಟರ್ ಅಂಕಲ್! ಅಂಕಲ್ ನಾಳೆ ಮತ್ತೆ ಬರ್ತಾರೆ. ಅಲ್ಲಿವರ್ಗೂ ನೋ ಟೆನ್ಷನ್, ನಾನಿದೀನಲ್ಲ ಶುಭಾ, ಒಂದ್ ಸೂಪರ್ ಸಾಂಗ್ ಕೇಳ್ಕೊಂಡ್ ಬಂದ್ಬಿಡಿ!" ಎಂದಿತು.

ನಾನು ಬಂದ ದಾರಿಯಲ್ಲೇ ಮನೆಗೆ ಮರಳಿದೆ. ಲೆಕ್ಕಪತ್ರದ ವಿಭಾಗ ಎಂದು ನನಗೆ ಹೇಳಿದ್ದ ಕೆಲಸ ಇದಾಗಿತ್ತು. ಮಗಳು ನನ್ನನ್ನು ಇಡೀ ಬೆಂಗಳೂರಿನ ಮುಂದೆ ನಗೆಪಾಟಲು ಮಾಡಿದ್ದಾಳೋ, ಇಡೀ ಬೆಂಗಳೂರಿಗೆ ನನ್ನನ್ನು ನಿಘಂಟುಕಾರನನ್ನಾಗಿ ಮಾಡಿದ್ದಾಳೋ ಗೊತ್ತಾಗಲಿಲ್ಲ. ಸಿಟ್ಟು ಬರಬೇಕೆಂದು ಕೂತು ಕಾದೆ. ಅದೂ ಕಾಫಿಯ ಹಾಗೆ ಸರಿಯಾದ ಹೊತ್ತಿಗೆ ಬರಲಿಲ್ಲ. ಒಂದು ವಿಷಯ ಮಾತ್ರ ಚುಚ್ಚುತ್ತಿತ್ತು. ಮೆಟ್ಟಿಲ ಮೇಲೆ ಕೂತು ನನಗೊಬ್ಬನಿಗೇ ಮಾಡಿ ತೋರಿಸುತ್ತಿದ್ದ ಗಂಟಲುಗಳನ್ನೆಲ್ಲ ಈಗ ಊರೇ ಕೇಳುತ್ತಿತ್ತು, ನನ್ನೊಬ್ಬನನ್ನು ಬಿಟ್ಟು. ಮುನಿಯಪ್ಪನವರ ಹಸುಗಳಿಗೆ ಗೊತ್ತಿದ್ದದ್ದು ನನಗೆ ಗೊತ್ತಿರಲಿಲ್ಲ.

ಮಾರನೆಯ ದಿನ ಬಸ್ಸಿನಿಂದ ಇಳಿಯುವಾಗ ಮುನಿಯಪ್ಪನವರೇ ಎದುರಾದರು. "ಏನ್ ಇನ್‌ಸ್ಪೆಕ್ಟ್ರೇ, ನಿನ್ನೆ ಗೋಡೆ ಹಿಂದೆ ನಿಂತಿದ್ರಿ? ಒಳಗ್ ಬರ್ಬಾರ್ದಾ, ಇನ್ನೊಂದು ಬಕೇಟಿತ್ತು" ಎಂದರು.

"ಎಷ್ಟು ದಿನದಿಂದ ನಡೀತಿದೆ ಇದು?"

"ಆಯ್ತು, ಎಲ್ಡ್ ಮೂರ್ ತಿಂಗ್ಳು. ಆ ಮಗು ಮಾತಾಡ್ತಾ ಇದ್ರೆ ನಮ್ ಗೌರಿ ಕಾಲೆತ್ತಲ್ಲ ಸ್ವಾಮಿ. ಹಾಡ್ ಬಂದ್ರೆ ಒದೀತದೆ, ಅದ್ಕೇ ಹಾಡಾಗೋವರ್ಗೂ ನಾನ್ ಕರಿಯೋಕ್ ಕೂರಲ್ಲ."

"ಮನೇಲಿ ನನಗೊಂದು ಮಾತು ಹೇಳಲಿಲ್ಲವಲ್ಲ ಮುನಿಯಪ್ಪನವರೇ."

"ಹೆಂಗ್ ಹೇಳ್ತದೆ? ರೇಡಿಯೋಗೇ ಕೆಂಪ್ ಚೀಟಿ ಕಟ್ದೋರು, ಮಗೀಗ್ ಕಟ್ಟಲ್ವಾ? ಕೆಲ್ಸ ಕಾಯಂ ಆಗ್ಲಿ ಆಂಟಿ, ಆಮೇಲ್ ಹೇಳಾಣ ಅಂತ ನಮ್ಮನೆಯವಳ ಹತ್ರ ಕಣ್ಣಲ್ ನೀರ್ ಹಾಕ್ಕೊಂಡದೆ." ಸ್ವಲ್ಪ ದೂರ ಹೋದವರು ತಿರುಗಿ, "ಒಳಗ್ ಬರಾಕ್ ನಾಚ್ಕೆ ಆದ್ರೆ ಎದ್ರಿಗೆ ಅಂಗಡಿ ಹತ್ರ ನಿಂತ್ಕೊಳಿ. ನಿಮ್ಗೋಸ್ಕರ ರೇಡಿಯೋ ಸೌಂಡು ಒಂದ್ ತಿರುವು ಜಾಸ್ತಿ ಮಾಡ್ತೀನಿ" ಎಂದರು.

ಅಂದಿನಿಂದ ಕೊಟ್ಟಿಗೆಯ ಎದುರಿನ ದಿನಸಿ ಅಂಗಡಿಯಲ್ಲಿ ನಾನು ಪ್ರತಿ ಸಂಜೆ ಬೆಂಕಿಪೊಟ್ಟಣ ಕೊಳ್ಳತೊಡಗಿದೆ. ಅಂಗಡಿಯವನು ಮೊದಲು ಸಂತೋಷಪಟ್ಟ, ಆಮೇಲೆ ಭಯಪಟ್ಟ. ಅಂಕಲ್ ಹೇಳುತ್ತಿದ್ದ ಅರ್ಥಗಳು ಒಂದೂ ತಪ್ಪಿರಲಿಲ್ಲ; ಎಲ್ಲ ನನ್ನವೇ. ಹುಡುಗಿ ಎಷ್ಟು ಚೆನ್ನಾಗಿ ಕೇಳಿಸಿಕೊಂಡಿದ್ದಳು! ನನ್ನ ಮಾತು ಕೇಳದಂತೆ ಮುಖ ತಿರುಗಿಸಿ ಕೂತಿದ್ದಾಗಲೂ ಕೇಳಿಸಿಕೊಂಡಿದ್ದಳು. ಒಂದು ಸಂಜೆ ಅಂಕಲ್ ಗಂಟಲು ಸರಿಮಾಡಿಕೊಂಡು, "ಪಾಸೌಟ್ ಎಂದರೆ ಮೂರ್ಛೆ ಹೋಗುವುದು. ಒಂದು ಚೊಂಬು ನೀರು ತಾರೆ!" ಎಂದ. ಕೊಟ್ಟಿಗೆ ನಕ್ಕಿತು. ನನಗೆ ಮಾತ್ರ ಅವಳು ಓಡಿಬಂದು ಬಾಗಿಲಲ್ಲಿ ನಿಂತದ್ದು ಕಾಣಿಸಿತು.

ಮನೆಗೆ ಬಂದು ನಿಘಂಟು ತೆರೆದೆ. ಮೂರ್ಛೆ ಎಂಬ ಅರ್ಥ ಪುಟದ ಕೊನೆಯ ಸಾಲಿನಲ್ಲಿತ್ತು. ಪುಟ ತಿರುಗಿಸಿದೆ. ಅಲ್ಲಿ, ಮೇಲ್ಗಡೆ, ಇನ್ನೊಂದು ಅರ್ಥ ಕೂತಿತ್ತು: ಸೈನಿಕ ತರಬೇತಿ ಮುಗಿಸಿ ಹೊರಬರುವುದು. ನಮ್ಮ ಕಾರ್ಖಾನೆಯಲ್ಲಿ ದೊಡ್ಡ ಭಾಗಗಳ ನಕ್ಷೆ ಎರಡು ಹಾಳೆಯಲ್ಲಿರುತ್ತದೆ. ಎರಡನೆಯ ಹಾಳೆ ನೋಡದೆ ಚೀಟಿ ಕಟ್ಟಿದ ಹೊಸ ಹುಡುಗರನ್ನು ನಾನು ಎಲ್ಲರೆದುರು ನಿಲ್ಲಿಸಿ ಬೈದದ್ದುಂಟು. ಈಗ ಬೈಯುವುದಕ್ಕೆ ಯಾರೂ ಕೈಗೆ ಸಿಗಲಿಲ್ಲ.

ದೋಷ ಕಂಡ ಮೇಲೆ ಸುಮ್ಮನಿರುವಂತಿಲ್ಲ. ಮಾರನೆಯ ಸಂಜೆ ದಿನಸಿ ಅಂಗಡಿಯ ಮುಂದಿದ್ದ ಒಂದು ರೂಪಾಯಿಯ ಫೋನಿಗೆ ನಾಣ್ಯ ಹಾಕಿ, ರೇಡಿಯೋದವರು ಸಾರಿ ಸಾರಿ ಹೇಳುವ ನಂಬರು ಒತ್ತಿದೆ. ಎಂಗೇಜು. ಮತ್ತೆ ಎಂಗೇಜು. ಆಮೇಲೆ ಯಾರೋ ಎತ್ತಿಕೊಂಡು, ಕಾಯಿಸಿ, ತಟ್ಟನೆ ಕಾರ್ಯಕ್ರಮಕ್ಕೆ ಜೋಡಿಸಿದರು.

"ಹಲೋಓ! ಯಾರ್ ಸಾರ್ ಮಾತಾಡ್ತಿರೋದು?"

"ಒಬ್ಬ ಶ್ರೋತೃ," ಎಂದೆ. ಎದುರಿನ ಕೊಟ್ಟಿಗೆಯಿಂದ ನನ್ನದೇ ದನಿ 'ಶ್ರೋತೃ' ಎಂದಿತು.

"ಸಾರ್, ನಿಮ್ ರೇಡಿಯೋ ವಾಲ್ಯೂಮ್ ಸ್ವಲ್ಪ ಕಮ್ಮಿ ಮಾಡ್ಕೊಳಿ, ಎಕೋ ಹೊಡೀತಿದೆ."

"ಅದು ನನ್ನ ಕೈಯಲ್ಲಿಲ್ಲ. ರೇಡಿಯೋ ಹಸುಗಳದು."

ಆ ಕಡೆ ಸದ್ದಿಲ್ಲ. ರೇಡಿಯೋದಲ್ಲಿ ಮೌನ ಎಂದರೆ ವಿಮಾನದಲ್ಲಿ ಬಿರುಕು ಇದ್ದ ಹಾಗೆ ಎಂದು ಅವಳೇ ಆಮೇಲೆ ಹೇಳಿದಳು. ಕೊಟ್ಟಿಗೆಯಲ್ಲಿ ಸರೋಜ ಬಕೆಟ್ಟಿನಿಂದ ಎದ್ದು ನಿಂತದ್ದು ಇಲ್ಲಿಗೇ ಕಾಣಿಸಿತು.

"...ಹೇಳಿ ಸಾರ್."

"ನಿನ್ನೆ ನಿಮ್ಮ ಅಂಕಲ್ ಪಾಸೌಟ್ ಎಂದರೆ ಮೂರ್ಛೆ ಹೋಗುವುದು ಎಂದರು. ಅದು ಅಪೂರ್ಣ. ತರಬೇತಿ ಮುಗಿಸಿ ಹೊರಬರುವುದು ಅಂತಲೂ ಇದೆ. ಪುಟ ತಿರುಗಿಸಿದರೆ ಸಿಗುತ್ತದೆ. ಅಂಕಲ್ ಪುಟ ತಿರುಗಿಸಿಲ್ಲ."

"ಅಂಕಲ್ ತಪ್ಪು ಮಾಡೋದೇ ಇಲ್ವಲ್ಲ ಸಾರ್. ಅವ್ರೇ ಹೇಳಿದಾರೆ."

"ಮಾಡಿದ್ದಾರೆ. ನನಗೆ ಅವರ ಪರಿಚಯ ಇದೆ. ಆದರೆ ಆ ಅರ್ಥ ಸೈನ್ಯದವರಿಗೆ ಮಾತ್ರ ಅಂತ ಬರೆದಿದೆ."

"ಹಾಗಾದ್ರೆ ಸೈನ್ಯಕ್ಕೆ ಹೋಗ್ದೆ ಬರೀ ಬಿ.ಕಾಂ. ಮಾಡ್ದೋರು?" ದನಿ ಸ್ವಲ್ಪ ಒದ್ದೆಯಾಗಿತ್ತೋ, ತಂತಿಯ ದೋಷವೋ ಹೇಳಲಾರೆ. "ಅವ್ರಿಗೆ ಯಾವ್ ಚೀಟಿ ಸಾರ್? ಕೆಂಪಾ?"

ಹಿಂದೆ ಫೋನಿಗಾಗಿ ಕಾಯುತ್ತಿದ್ದ ಹೆಂಗಸು "ಬೇಗ ಮುಗ್ಸಿ ಸಾರ್" ಎಂದಳು. ನನ್ನ ಸರ್ವಿಸಿನಲ್ಲಿ ಎಂದೂ ಆಡದ ಮಾತು ನನ್ನ ಬಾಯಿಂದ ಬಂತು. "ನಕ್ಷೆಗೆ ಸರಿಯಾಗಿಲ್ಲ. ಆದರೆ ಕೆಲಸಕ್ಕೆ ತೊಂದರೆ ಇಲ್ಲ. ಕನ್ಸೆಷನ್. ಇದ್ದ ಹಾಗೇ ಬಳಸಬಹುದು."

"ಅದೊಂದೇ ಪದಕ್ಕಾ ಸಾರ್?"

"ಇಡೀ ಬ್ಯಾಚಿಗೆ."

"ಅಪ್ಪಾ, ನೀನು..." ಎಂದಳು. ನಾಣ್ಯ ಮುಗಿದು ಫೋನು ಕಟ್ಟಾಯಿತು. ಆಮೇಲಿನದನ್ನು ಬೆಂಗಳೂರು ಕೇಳಿತಂತೆ, ಕೊಟ್ಟಿಗೆಯಲ್ಲಿ ಎದ್ದ ಗದ್ದಲದಲ್ಲಿ ನನಗೆ ಕೇಳಿಸಲಿಲ್ಲ. ಕೊಟ್ಟಿಗೆಯಲ್ಲಿದ್ದವರನ್ನು ಕೇಳಿದರೆ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ಸರೋಜ ಹೇಳುವುದೇ ಇಲ್ಲ.

ಅಂದು ರಾತ್ರಿ ಎಂಟಕ್ಕೆ ಶುಭಾ ಬಂದಳು. ನಾನು ಮೆಟ್ಟಿಲ ಮೇಲಿದ್ದೆ. ಚಪ್ಪಲಿ ಬಿಟ್ಟು ಪಕ್ಕದಲ್ಲಿ ಕೂತು, "ಏನ್ ಬಿಲ್ಡಪ್ ಕೊಟ್ಟೆ ಕಣಪ್ಪ ಫೋನಲ್ಲಿ! 'ನನಗೆ ಅವರ ಪರಿಚಯ ಇದೆ' ಅಂತೆ!" ಎಂದು ನನ್ನ ಗಂಟಲನ್ನು ನನ್ನೆದುರೇ ಮಾಡಿ ತೋರಿಸಿದಳು. ಬಹಳ ಚೆನ್ನಾಗಿತ್ತು. ಮೂಲಕ್ಕಿಂತ ಸ್ವಲ್ಪ ದಪ್ಪ, ಅಷ್ಟೇ. ನಾನು ಹಾಗೆಂದೆ. "ಅದಕ್ಕೂ ಕನ್ಸೆಷನ್ ಕೊಡು" ಎಂದಳು.

ಮುಂದಿನ ಭಾನುವಾರ ಅಟ್ಟ ಹತ್ತಿ ರೇಡಿಯೋ ಇಳಿಸಿದೆ, ಕೆಂಪು ಚೀಟಿ ಕತ್ತರಿಸಿದೆ. ಚೀಟಿಯನ್ನು ಬಿಸಾಡಲು ಮನಸ್ಸಾಗದೆ ನನ್ನ ಕೊಡೆಗೆ ಕಟ್ಟಿದೆ. ಕಾರ್ಖಾನೆಯ ಬಸ್ಸಿನಲ್ಲಿ ಅದನ್ನು ಯಾರೂ ತಮ್ಮದೆಂದು ತೆಗೆದುಕೊಂಡು ಹೋಗುವುದಿಲ್ಲ. ಈಗ ಐದು ಗಂಟೆಯಾದರೆ ಕೊಟ್ಟಿಗೆಯ ಸಭೆ ನಮ್ಮ ಮುಂದಿನ ಕೋಣೆಯಲ್ಲೇ ಸೇರುತ್ತದೆ. ಕೂರಲು ಜಾಗ ಸಾಲದೆ ಒಬ್ಬರು ನಿಘಂಟಿನ ಮೇಲೆ ಕೂರುತ್ತಾರೆ. ಹಸುಗಳಿಗೆ ಬೇಜಾರಾಗಿದೆ ಎಂದು ಮುನಿಯಪ್ಪನವರು ದೂರಿದರು, ಅವುಗಳ ರೇಡಿಯೋವನ್ನು ಕೊಟ್ಟಿಗೆಯಲ್ಲೂ ಹಾಕಿಡಿ ಎಂದೆ. ಪಾಸೌಟ್ ವಿಷಯದಲ್ಲಿ ಅಂಕಲ್ ರೇಡಿಯೋದಲ್ಲೇ ಕ್ಷಮೆ ಕೇಳಿದ. ಶುಭಾಳ ಕೆಲಸ ಕಾಯಂ ಆಯಿತು. ಕಾರ್ಯಕ್ರಮ ಮುಗಿಯುವವರೆಗೆ ಸರೋಜ ಒಲೆ ಹಚ್ಚುವುದಿಲ್ಲ. ಕಾಫಿ ಏಳು ಗಂಟೆಯ ಮೇಲೆ ಬರುತ್ತದೆ.